ದಾಯವೂ ದಯೆಯೂ

(ಶ್ರೀಮಠದ ಮಹೋತ್ಸವದ ಸದ್ಭಕ್ತಗೋಷ್ಠಿಯಲ್ಲಿ ಮಾಡಿದ ಉಪನ್ಯಾಸ)

 

ಇಂತಹ ಮಹೋತ್ಸವದಲ್ಲಿ ಮಾತನಾಡತಕ್ಕವರು ಪೀಠದ ಮಹಿಮೆಯನ್ನೋ, ಶರಣರ ಚರಿತ್ರೆಯನ್ನೋ, ಷಟ್‌ಸ್ಥಲದ ಸ್ವರೂಪವನ್ನೋ ವಿಷಯವನ್ನಾಗಿ ಆರಿಸಿಕೊಳ್ಳುವುದು ರೂಢಿ. ನಾನು ಆರಿಸಿಕೊಂಡಿರುವ ವಿಷಯವಾದರೋ ಅಷ್ಟು ಮಂಗಳಕರವಾದುದಲ್ಲ. ಆಸ್ತಿಯ ಒಡೆಯನು ಇನ್ನೂ ಬದುಕಿರುವಾಗಲೇ ಅದಕ್ಕಾಗಿ ಮಕ್ಕಳಲ್ಲಿ ಹುಟ್ಟುವ ವ್ಯಾಜ್ಯವನ್ನು ಕುರಿತು ನಾಲ್ಕು ಮಾತುಗಳನ್ನು ಅರಿಕೆಮಾಡಲಿರುವೆನು. ಹಬ್ಬದ ಮನೆಯಲ್ಲಿ ಜಗಳದ ಮಾತೇಕೆ ಎಂದು ಕೆಲವರಿಗೆ ತೋರಬಹುದು. ಆದರೆ ಹಬ್ಬಕ್ಕೆ ಬಂದವರಲ್ಲಿ ಎಷ್ಟು ಮಂದಿ ಅಣ್ಣತಮ್ಮಂದಿರು ಒಂದೇ ಊರಿನಿಂದ ಬೇರೆ ಬೇರೆ ಬಂಡಿಗಳಲ್ಲಿ ಬಂದಿರುವರೆಂಬುದನ್ನು ನೀವೇ ಬಲ್ಲಿರಿ. ಆದುದರಿಂದ ಈ ಮಾತಿಗೆ ಇದಕ್ಕಿಂತ ತಕ್ಕ ಸ್ಥಳ ಬೇರೊಂದಿಲ್ಲವೆಂದು ನಾನು ನಂಬಿರುವೆನು.

ಪ್ರತಿ ಸೋಮವಾರವೂ ಈ ಸಿರಿಗೆರೆಯಲ್ಲಿ ಸದ್ಧರ್ಮ ನ್ಯಾಯಪೀಠವು ಸೇರುವುದು ನಿಮಗೆಲ್ಲರಿಗೂ ವಿದಿತವೇ ಸರಿ. ಪೀಠಸ್ಥ ಗುರುಗಳ ಸನ್ನಿಧಿಯಲ್ಲಿ ವಾದಿ ಪ್ರತಿವಾದಿಗಳಿಬ್ಬರೂ ನಿಂತು ತಂತಮ್ಮ ಸಂಕಟವನ್ನು ತಮ್ಮ ಬಾಯಿಂದಲೇ ಹೇಳಿಕೊಳ್ಳುವರು. ಸರ್ಕಾರದ ಕೋರ್ಟಿನ ತೀರ್ಪಿಗೆ ಅಮೀನರ ಬಲವುಂಟು, ಪೋಲೀಸರ ಬಲವುಂಟು. ಇಲ್ಲಿಯ ಮಾತಿಗೆ ಉಭಯಪಕ್ಷದವರ ಒಪ್ಪಿಗೆಯೂ ಗುರುವಿನ ಮೇಲಿನ ಗೌರವವೂ ಹೊರತು ಬೇರೆ ಬಲವಿಲ್ಲ. ಹೀಗಿದ್ದರೂ ಜನರು ಬರುತ್ತಿರುವರು. ಬರುವವರಲ್ಲಿ ಹೊಲದ ಬದುವಿನ ಜಗಳದವರುಂಟು, ಸಾಲದ ಜಗಳದವರುಂಟು, ಪಾಲಿನ ಜಗಳದವರೂ ಉಂಟು.

ಒಂದು ಸೋಮವಾರ ಪಾಠವನ್ನು ಮುಗಿಸಿ ಬರುತ್ತಿದ್ದಾಗ ನೆರಳಿನಲ್ಲಿ ಒಬ್ಬ ವೃದ್ಧರು ಕುಳಿತಿದ್ದುದನ್ನು ಕಂಡೆನು. ಮಡಿಲಲ್ಲಿ ಕಾಗದಪತ್ರಗಳ ಗಂಟು. ಹತ್ತು ಮಾರು ಈಚೆಗೆ ಒಬ್ಬ ಮಗ, ಹತ್ತು ಮಾರು ಆಚೆಗೆ ಇನ್ನೊಬ್ಬ ಮಗ. “ತಾತಾ, ನಿಮ್ಮದು ಯಾರ ಕಡೆ?” ಎಂದು ಪಕ್ಕದವರೊಬ್ಬರು ಕೇಳಿದರು. ವೃದ್ಧರು ಹೇಳಿದ ಉತ್ತರ ಇದು: “ನಾನು ಇತ್ಲಾಗೂ ಅಲ್ಲ, ಅತ್ಲಾಗೂ ಅಲ್ಲಪ್ಪ. ಜಮೀನು ನಂದು, ಅಷ್ಟೇಯ.”

ಆ ಮಾತನ್ನು ಕೇಳಿದ ಕೆಲವರು ನಕ್ಕರು. ನನಗೆ ನಗು ಬರಲಿಲ್ಲ. ಬಾರದಿದ್ದುದಕ್ಕೆ ಕಾರಣವನ್ನು ಮುಂದೆ ಹೇಳುವೆನು. ಒಡೆಯನು ತನ್ನ ಆಸ್ತಿಯ ವ್ಯಾಜ್ಯದಲ್ಲಿ ವಾದಿಯೂ ಅಲ್ಲದೆ ಪ್ರತಿವಾದಿಯೂ ಅಲ್ಲದೆ ಕೇವಲ ಕಾಗದದ ಗಂಟನ್ನು ಹೊತ್ತವನಾಗಿ ಕುಳಿತಿರುವುದೆಂದರೆ ಏನು? ಹುಟ್ಟುತ್ತಾ ಅಣ್ಣತಮ್ಮಂದಿರು, ಬೆಳೆಯುತ್ತಾ ದಾಯಾದಿಗಳು ಎಂಬ ಗಾದೆ ನಮ್ಮಲ್ಲುಂಟು. ಈ ಗಾದೆ ಮಕ್ಕಳ ಮಾತನ್ನು ಹೇಳಿತೇ ಹೊರತು, ಅವರಿಬ್ಬರ ನಡುವೆ ಕುಳಿತಿರುವ ತಂದೆಯು ಏನಾಗುವನೆಂಬುದನ್ನು ಹೇಳಲಿಲ್ಲ. ನಾನು ವಿಚಾರಮಾಡಬೇಕೆಂದಿರುವುದು ಆ ನಡುವಿನವನ ಸ್ಥಿತಿಯನ್ನೇ.

ಮೊದಲು ಶಾಸ್ತ್ರವೇನು ಹೇಳುವುದೆಂಬುದನ್ನು ನೋಡೋಣ. ದಾಯಭಾಗದ ವಿಷಯದಲ್ಲಿ ಭರತಖಂಡದ ಬಹುಭಾಗವು ಒಪ್ಪಿ ನಡೆದುಬಂದ ಗ್ರಂಥವು ನಮ್ಮ ಕನ್ನಡನಾಡಿನಲ್ಲಿಯೇ ಹುಟ್ಟಿತೆಂಬುದು ನಮಗೆ ಅಭಿಮಾನದ ಸಂಗತಿ. ಕ್ರಿ. ಶ. 1076 ರಿಂದ 1126 ರವರೆಗೆ ಕಲ್ಯಾಣದಲ್ಲಿ ಆಳಿದ ಚಾಲುಕ್ಯ ಚಕ್ರವರ್ತಿ ಆರನೆಯ ವಿಕ್ರಮಾದಿತ್ಯನ ಆಶ್ರಯದಲ್ಲಿದ್ದ ವಿಜ್ಞಾನೇಶ್ವರನು ಯಾಜ್ಞವಲ್ಕ್ಯಸ್ಮೃತಿಗೆ ಬರೆದ ವ್ಯಾಖ್ಯಾನವೇ ಮಿತಾಕ್ಷರೆ. ಇದರ ದಾಯವಿಭಾಗ ಪ್ರಕರಣವನ್ನೂ, ವಂಗದೇಶದ ಜೀಮೂತವಾಹನನ ದಾಯಭಾಗವನ್ನೂ ಕೋಲ್‌ಬ್ರೂಕ್ ಎಂಬ ಆಂಗ್ಲ ಪಂಡಿತನು 1810 ರಲ್ಲಿ ತನ್ನ ಭಾಷೆಗೆ ತಿರುಗಿಸಿದ ಮೇಲೆ, ಕುಂಪಣಿಯ ನ್ಯಾಯಾಲಯಗಳೂ ತರುವಾಯದ ನ್ಯಾಯಾಲಯಗಳೂ ಈ ಎರಡನ್ನು ಆಧಾರವಾಗಿಟ್ಟುಕೊಂಡು ತೀರ್ಪು ಕೊಡುತ್ತ ಬಂದವು.

ಈ ಇಬ್ಬರು ಆಚಾರ್ಯರಿಗೂ ಇದ್ದ ಮತಭೇದವು ನಮ್ಮ ಪ್ರಕೃತ ವಿಷಯದ ತಿರುಳೇ ಆಗಿರುವುದು. ದಾಯವೆಂದರೇನು? ಒಡೆಯನೊಡನೆ ಇರುವ ಸಂಬಂಧವೊಂದರಿಂದಲೇ ಇನ್ನೊಬ್ಬನ ಸ್ವತ್ತಾಗುವ ಧನವು ದಾಯವೆಂದು ವಿಜ್ಞಾನೇಶ್ವರನು ಹೇಳಿ, ಅದನ್ನು ಎರಡಾಗಿ ವಿಂಗಡಿಸುವನು. ತಂದೆಯ ಮತ್ತು ತಾತನ ಧನವು ಪುತ್ರತ್ವ ಪೌತ್ರತ್ವಗಳ ಬಲದಿಂದ ಹುಟ್ಟಿನೊಡನೆಯೇ ಮಕ್ಕಳಿಗೆ ಸಲ್ಲುವುದಾದುದರಿಂದ ಅದು ಅಪ್ರತಿಬಂಧ ದಾಯ. ದೊಡ್ಡಪ್ಪ ಚಿಕ್ಕಪ್ಪ ಸೋದರರೇ ಮೊದಲಾದವರ ಧನವು ಅವರೂ ಅವರ ಸಂತತಿಯೂ ಇಲ್ಲದಾಗ ಮಾತ್ರ ಬರತಕ್ಕದ್ದಾದುದರಿಂದ ಅದು ಸಪ್ರತಿಬಂಧ ದಾಯ. ಜೀಮೂತವಾಹನನಾದರೋ ಇದನ್ನು ಒಪ್ಪನು. ತಂದೆಯು ಜೀವಿಸಿರುವವರೆಗೆ ಆತನೊಬ್ಬನೇ ಒಡೆಯನು; ಆತನ ಒಡೆತನವು ಅಳಿದ ಮೇಲೆಯೇ ಮಕ್ಕಳ ಒಡೆತನವು ಹುಟ್ಟುವುದೆಂಬುದು ಆತನ ಮತ.

ಕೆಲವರು ಇಷ್ಟನ್ನು ಕೇಳಿ, “ಹಾಗಾದರೆ ನಮ್ಮ ಕಲ್ಯಾಣದ ಪಂಡಿತನೇ ಮಕ್ಕಳ ಕೈಗೆ ಕತ್ತಿಯನ್ನು ಕೊಟ್ಟಂತಾಯಿತಲ್ಲ!” ಎನ್ನಬಹುದು. ಇದು ಅರ್ಧ ಓದಿದವರ ಮಾತು. ವಿಜ್ಞಾನೇಶ್ವರನು ವಿಭಾಗಕ್ಕೆ ಕಾಲವನ್ನು ಹೇಳಿರುವನು. ತಂದೆಯು ತಾನಾಗಿ ಬಯಸಿದಾಗ ಒಂದು; ತಂದೆಗೆ ಧನದಲ್ಲಿ ಆಸೆಯಳಿದು ತಾಯಿಗೆ ಸಂತಾನಕಾಲವು ಮೀರಿದಾಗ ಒಂದು; ತಂದೆಯು ಮುಪ್ಪಿನವನೋ, ಅಧರ್ಮದಲ್ಲಿ ತೊಡಗಿದವನೋ, ವಾಸಿಯಾಗದ ರೋಗವುಳ್ಳವನೋ ಆದಾಗ ಒಂದು; ಆತನ ಕಾಲಾನಂತರ ಒಂದು. ಮನೆತನವನ್ನು ನಡೆಸಲಾರದ ಒಡೆಯನ ಕೈಯಲ್ಲಿ ಮನೆತನವೇ ಮುಳುಗಿಹೋಗದಿರಲೆಂಬುದು ಇದರ ಆಶಯವೆಂದು ನಾನು ತಿಳಿದಿರುವೆನು. ಇದಕ್ಕಿಂತ ಮುಖ್ಯವಾದ ಇನ್ನೊಂದು ಸಂಗತಿಯುಂಟು. ತಂದೆಯು ಮಕ್ಕಳೊಡನೆ ಪಾಲಾಗುವಲ್ಲಿ ಆತನಿಗೂ ಒಂದು ಪಾಲುಂಟು. ಆತನು ಸಮಭಾಗವನ್ನು ಮಾಡುವುದಾದರೆ ಸ್ತ್ರೀಧನವನ್ನು ಪಡೆಯದಿರುವ ಪತ್ನಿಗೂ ಮಕ್ಕಳಿಗೆ ಸಮನಾದ ಪಾಲುಂಟು. ತಂದೆಯ ಕಾಲಾನಂತರ ಮಕ್ಕಳು ಭಾಗವಾದರೆ ತಾಯಿಗೆ ಸಮನಾದ ಪಾಲುಂಟು. ಎಂದರೆ, ವಿಜ್ಞಾನೇಶ್ವರನು ಬರೆಯುವ ಪಾಲುಪಟ್ಟಿಯಲ್ಲಿ ತಂದೆಗೆ ಒಂದು ಸಾಲುಂಟು, ತಾಯಿಗೆ ಒಂದು ಸಾಲುಂಟು. ಮಕ್ಕಳ ಹಕ್ಕನ್ನು ಹುಟ್ಟಿನಿಂದಲೇ ಒಪ್ಪಿದ ಆಚಾರ್ಯನು ಹೆತ್ತವರನ್ನು ಪಟ್ಟಿಯಿಂದ ಹೊಡೆದುಹಾಕಲಿಲ್ಲ. ಹೊಡೆದುಹಾಕಿದವರು ನಾವು. ದಕ್ಷಿಣದೇಶದಲ್ಲಿ ತಾಯಿಯ ಪಾಲು ಆಚರಣೆಯಿಂದ ಬಿದ್ದುಹೋಗಿದ್ದಿತು. ಮೈಸೂರು ಸಂಸ್ಥಾನದಲ್ಲಿ 1933 ರಲ್ಲಿ ಹಿಂದೂ ಸ್ತ್ರೀಯರ ಹಕ್ಕುಗಳ ಕಾಯಿದೆಯನ್ನು ಮಾಡಿ, ವಿಭಾಗಕಾಲದಲ್ಲಿ ತಾಯಿಗೂ ಮದುವೆಯಾಗದ ಹೆಣ್ಣುಮಕ್ಕಳಿಗೂ ಕೆಲವು ವಿಧವೆಯರಿಗೂ ಪಾಲು ಸಲ್ಲತಕ್ಕದ್ದೆಂದು ವಿಧಿಸಬೇಕಾಗಿ ಬಂದಿತು.

ಇನ್ನು ಈಗಿನ ರಾಜಶಾಸನದ ಮಾತು. ನಾನು ವಕೀಲನಲ್ಲ, ಆದರೂ ಸೋಮವಾರಗಳಂದು ಜನರಾಡುವ ಮಾತನ್ನು ಕೇಳಿ ಕೇಳಿ, ಅವರಲ್ಲಿರುವ ಒಂದು ತಪ್ಪು ತಿಳಿವಳಿಕೆಯು ಎಷ್ಟು ಮನೆಗಳನ್ನು ಕೆಡಿಸುತ್ತಿರುವುದೆಂಬುದನ್ನು ಬಲ್ಲೆನು. “ಅಪ್ಪನ ಆಸ್ತಿಯೆಂದರೆ ಅದೆಲ್ಲವೂ ಪಿತ್ರಾರ್ಜಿತ; ಅದರಲ್ಲಿ ನನ್ನ ಪಾಲು ಇಂದೇ ಇದೆ” ಎಂಬುದೇ ಆ ತಪ್ಪು. ಒಟ್ಟುಕುಟುಂಬದ ಆಸ್ತಿ ಬೇರೆ, ತಂದೆಯು ತನ್ನ ಬೆವರಿನಿಂದ ಗಳಿಸಿದ ಸ್ವಯಾರ್ಜಿತ ಬೇರೆ. ಒಟ್ಟುಕುಟುಂಬದ ಆಸ್ತಿಯಲ್ಲಿ ಮಕ್ಕಳಿಗೆ ಹುಟ್ಟಿನಿಂದ ಹಕ್ಕುಂಟು. ಅದರ ವಿಭಾಗವನ್ನು ತಂದೆ ಇರುವಾಗಲೇ ಕೇಳಬಹುದು. ಸ್ವಯಾರ್ಜಿತದಲ್ಲಿ ಹಾಗಿಲ್ಲ. ಅದನ್ನು ಮಾರಲು, ದಾನಮಾಡಲು, ಉಯಿಲು ಬರೆಯಲು ಆತನೇ ಸ್ವತಂತ್ರನು. 1956 ರ ಹಿಂದೂ ಉತ್ತರಾಧಿಕಾರ ಕಾಯಿದೆಯು ಬಂದ ಮೇಲೆ, ಒಬ್ಬನಿಗೆ ತನ್ನ ತಂದೆಯ ಸ್ವಂತ ಆಸ್ತಿಯು ಆ ಕಾಯಿದೆಯಂತೆ ಉತ್ತರಾಧಿಕಾರದಿಂದ ಬಂದರೆ ಅದೂ ಆತನ ಸ್ವಂತದ್ದೇ ಆಗುವುದೆಂದು ಸರ್ವೋಚ್ಚ ನ್ಯಾಯಾಲಯವು 1986 ರಲ್ಲಿ ತೀರ್ಮಾನಿಸಿರುವುದು. ಇನ್ನು ತಂದೆಯ ಕಾಲಾನಂತರ ತನಗೆ ಏನಾದರೂ ಬಂದೀತೆಂಬ ವಾರಸುದಾರನ ಆಸೆಯಿರುವುದಲ್ಲ, ಅದು ಸ್ವತ್ತೇ ಅಲ್ಲ. 1882 ರ ಸ್ವತ್ತು ಹಸ್ತಾಂತರ ಕಾಯಿದೆಯ ಆರನೆಯ ಪ್ರಕರಣವು ಅಂತಹ ಆಸೆಯನ್ನು ಯಾರೂ ಯಾರಿಗೂ ಮಾರಕೂಡದೆಂದು ಹೇಳುವುದು. ನೋಡಿರಿ, ಕಾಯಿದೆಯು ಮಾರಲು ಬಾರದೆಂದು ಹೇಳಿರುವ ವಸ್ತುವಿಗಾಗಿ ಅಣ್ಣತಮ್ಮಂದಿರು ಒಬ್ಬರ ತಲೆಯನ್ನೊಬ್ಬರು ಒಡೆಯಲು ನಿಂತಿರುವರು!

ಹೆಣ್ಣುಮಕ್ಕಳ ಮಾತನ್ನು ಬಿಟ್ಟರೆ ಈ ವಿಚಾರವು ಕುಂಟುವುದು. ನಮ್ಮ ಕರ್ನಾಟಕದಲ್ಲಿ 1994 ರ ಜುಲೈ 30 ರಿಂದ, ಅದಕ್ಕೆ ಮೊದಲು ಮದುವೆಯಾಗದಿದ್ದ ಹೆಣ್ಣುಮಕ್ಕಳಿಗೆ ಒಟ್ಟುಕುಟುಂಬದ ಆಸ್ತಿಯಲ್ಲಿ ಗಂಡುಮಕ್ಕಳಂತೆಯೇ ಹುಟ್ಟಿನ ಹಕ್ಕು ಬಂದಿತು. 2005 ರ ಸೆಪ್ಟೆಂಬರ್ 9 ರಿಂದ ಅದು ಇಡೀ ದೇಶದಲ್ಲಿ ಎಲ್ಲ ಹೆಣ್ಣುಮಕ್ಕಳಿಗೂ ದೊರೆಯಿತು. ಆ ದಿವಸ ತಂದೆಯು ಬದುಕಿರಲೇಬೇಕೆಂಬ ನಿಯಮವಿಲ್ಲವೆಂದು 2020 ರ ಆಗಸ್ಟ್ 11 ರಂದು ಸರ್ವೋಚ್ಚ ನ್ಯಾಯಾಲಯವು ತೀರ್ಪಿತ್ತಿತು. 2004 ರ ಡಿಸೆಂಬರ್ 20 ಕ್ಕೆ ಮೊದಲೇ ನಡೆದುಹೋದ ವಿಭಾಗಗಳನ್ನು ಮಾತ್ರ ಇದು ಕದಲಿಸದು. ಇಷ್ಟಾದರೂ ಗೌರಿಹಬ್ಬಕ್ಕೆ ತವರಿಗೆ ಬಂದ ಹೆಣ್ಣುಮಗಳಿಗೆ ಬಾಗಿನದ ಜತೆಯಲ್ಲಿ ಹಕ್ಕು ಬಿಡುಗಡೆ ಪತ್ರವನ್ನೂ ಮುಂದಿಡುವವರುಂಟು. ಆಕೆ ರುಜುಮಾಡಿದರೆ ಒಳ್ಳೆಯ ತಂಗಿ. “ನಾಳೆ ಓದಿ ನೋಡುತ್ತೇನೆ ಅಣ್ಣಾ” ಎಂದರೆ ಮನೆಮುರುಕಿ! ತಾವು ಮುರಿದ ಮನೆಯ ಅಪಕೀರ್ತಿಯನ್ನು ತಂಗಿಯ ತಲೆಗೆ ಕಟ್ಟುವುದು ಧರ್ಮವಲ್ಲ. ಅಂತೆಯೇ ಹೆಣ್ಣುಮಕ್ಕಳಿಗೂ ಒಂದು ಬಿನ್ನಹ. ಪಾಲು ಸಮನಾದ ಮೇಲೆ ಭಾರವೂ ಸಮನು. ಹೆತ್ತವರ ಪೋಷಣೆಯ ಕಾಯಿದೆಯು ಮಗನನ್ನು ಮಗಳಿಂದ ಬೇರೆಮಾಡುವುದಿಲ್ಲ.

ಇಲ್ಲಿಯವರೆಗೆ ಶಾಸ್ತ್ರವನ್ನೂ ಶಾಸನವನ್ನೂ ಹೇಳಿದೆನು. ಈಗ, ಆ ವೃದ್ಧರ ಮಾತಿಗೆ ನನಗೇಕೆ ನಗು ಬರಲಿಲ್ಲವೆಂಬುದನ್ನು ಹೇಳಬೇಕಾಗಿರುವುದು. ಇದು ಪರರ ಕಥೆಯಲ್ಲ, ನನ್ನದು.

ನಮ್ಮ ತಂದೆಗೆ ನಾವಿಬ್ಬರೇ ಗಂಡುಮಕ್ಕಳು. ಆರೆಕರೆ ಖುಷ್ಕಿ ಜಮೀನು, ಹತ್ತು ತೆಂಗಿನ ಮರ, ಎರಡಂಕಣದ ಮನೆ, ಒಂದು ಜೊತೆ ಎತ್ತು. ನಮ್ಮ ತಾಯಿ ಮೊದಲೇ ತೀರಿಕೊಂಡಿದ್ದರು. ನಾನು ಪಾಠಶಾಲೆಯಲ್ಲಿ ವ್ಯಾಕರಣ ಧರ್ಮಶಾಸ್ತ್ರಗಳನ್ನು ಓದಿ ಊರಿಗೆ ಹೋದ ಹೊಸತರಲ್ಲಿ, ಪಾಲಾಗಬೇಕೆಂಬ ಮಾತನ್ನು ಮೊದಲು ಎತ್ತಿದವನು ಅಣ್ಣನಲ್ಲ, ನಾನು. ತಂದೆಯವರ ಎದುರಿಗೆ ಕುಳಿತು, ಹುಟ್ಟಿನಿಂದಲೇ ಮಕ್ಕಳಿಗೆ ಸ್ವತ್ವವುಂಟೆಂಬುದನ್ನು ಸಂಸ್ಕೃತ ವಾಕ್ಯಸಮೇತ ನಿರೂಪಿಸಿದೆನು. ಅವರು ಓದಿದವರಲ್ಲ. “ನೀನು ಓದಿದವನು, ನೀನು ಹೇಳಿದ್ದು ಸರಿಯೇ ಇರಬೇಕು” ಎಂದರು. ಊರ ಹಿರಿಯರು ಕೂಡಿದರು; ಪಾಲುಪಟ್ಟಿಯಾಯಿತು; ಅದನ್ನು ಬರೆದವನೂ ನಾನೇ. ಅಕ್ಷರ ಚೆನ್ನಾಗಿದೆಯೆಂದು ಹಿರಿಯರು ಹೊಗಳಿದರು.

ಆ ಮೇಲೆ ತಂದೆಯವರಿಗೆ ತಿಂಗಳ ಪಾಳಿ. ಮೊದಲ ಹದಿನೈದು ದಿನ ಅಣ್ಣನ ಒಲೆಯಲ್ಲಿ ಊಟ, ಮುಂದಿನ ಹದಿನೈದು ದಿನ ನನ್ನ ಒಲೆಯಲ್ಲಿ. ನಾವಿಬ್ಬರೂ ಕೆಟ್ಟವರಲ್ಲ, ಬಡಿಸುವಾಗ ಮುಖ ಗಂಟಿಕ್ಕಿದವರೂ ಅಲ್ಲ. ಆದರೆ ವರ್ಷದಲ್ಲಿ ಏಳು ತಿಂಗಳಿಗೆ ಮೂವತ್ತೊಂದು ದಿನ. ಆ ಮೂವತ್ತೊಂದನೆಯ ದಿನವು ಯಾರ ಪಾಲಿಗೆ ಸೇರಿತೆಂಬುದನ್ನು ಪಟ್ಟಿಯಲ್ಲಿ ಬರೆದಿರಲಿಲ್ಲ. ಅಣ್ಣನು, ಇಂದು ತಮ್ಮನಲ್ಲಿ ಉಂಡಿರಬೇಕೆಂದುಕೊಂಡನು. ನಾನು, ನಾಳೆಯಿಂದ ಅಣ್ಣನ ಪಾಳಿಯಾದುದರಿಂದ ಇಂದೇ ಅಲ್ಲಿಗೆ ಹೋಗಿರಬೇಕೆಂದುಕೊಂಡೆನು. ತಂದೆಯವರು ಆ ದಿವಸ ಬಸವಣ್ಣನ ಗುಡಿಯ ಜಗಲಿಯ ಮೇಲೆ ಕುಳಿತಿರುತ್ತಿದ್ದರು. ಯಾರಾದರೂ ಊಟವಾಯಿತೆ ಎಂದು ಕೇಳಿದರೆ, “ಇವತ್ತು ನಂದು ಉಪವಾಸ” ಎನ್ನುತ್ತಿದ್ದರಂತೆ. ಈ ಸಂಗತಿಯನ್ನು ನನಗೆ ಗುಡಿಯ ಪೂಜಾರಿ ಹೇಳಿದುದು, ತಂದೆಯವರು ಲಿಂಗೈಕ್ಯರಾದ ಮೇಲೆ. ಊರವರಿಗೆ ಹಬ್ಬಹುಣ್ಣಿಮೆಗಳನ್ನು ಪಂಚಾಂಗ ನೋಡಿ ಹೇಳುವವನು ನಾನು. ಅದೆಂತಹ ವ್ರತವಿರಬಹುದೆಂದು ಪಂಚಾಂಗವನ್ನು ತೆಗೆದು ನೋಡುವ ಅಗತ್ಯ ನನಗಿರಲಿಲ್ಲ. ಅದು ನಾನು ವಿಧಿಸಿದ ವ್ರತ.

ಆ ಪಾಲುಪಟ್ಟಿಯು ಇಂದಿಗೂ ನನ್ನ ಬಳಿ ಇರುವುದು. ಅದರಲ್ಲಿ ಕುಂಟೆಗೆ ಒಂದು ಸಾಲುಂಟು, ಗಡಾರಿಗೆ ಒಂದು ಸಾಲುಂಟು, ಬೀಸುವ ಕಲ್ಲಿಗೆ ಒಂದು ಸಾಲುಂಟು. ತಂದೆಗೆ ಸಾಲಿಲ್ಲ. ಮಿತಾಕ್ಷರೆಯಲ್ಲಿ ಇದ್ದ ಸಾಲನ್ನು, ಮಿತಾಕ್ಷರೆಯನ್ನು ಓದಿದವನೇ ಬಿಟ್ಟನು. ಹುಟ್ಟಿನ ಹಕ್ಕನ್ನು ಹೇಳುವ ವಾಕ್ಯವು ನನಗೆ ನೆನಪಿನಲ್ಲಿದ್ದಿತು. ಹೆತ್ತವರ ಪಾಲನ್ನು ಹೇಳುವ ವಾಕ್ಯವು ನೆನಪಿಗೆ ಬರಲಿಲ್ಲ. ಓದಿದವನ ಮರೆವು ಓದದವನ ಅಜ್ಞಾನಕ್ಕಿಂತ ಕೆಟ್ಟದ್ದು.

ಸದ್ಭಕ್ತರೆ, ಈ ಉಪನ್ಯಾಸದಲ್ಲಿ ನಾನು ಹೇಳಬೇಕೆಂದಿರುವುದು ಒಂದೇ ಮಾತು. ಒಡೆಯನು ಬದುಕಿರುವಾಗ ಮಾಡುವ ಯಾವ ಪಾಲುಪಟ್ಟಿಯಲ್ಲಿಯೂ ಮೊದಲ ಸಾಲು ಆ ಒಡೆಯನದಾಗಿರತಕ್ಕದ್ದು, ಎರಡನೆಯ ಸಾಲು ಆತನ ಮಡದಿಯದು. ಅವರ ಊಟ, ಅವರ ಮದ್ದು, ಅವರು ಮಲಗುವ ಕೋಣೆ, ಅವರ ಕೈಖರ್ಚು ಇವು ನಿಷ್ಕರ್ಷೆಯಾದ ಮೇಲೆಯೇ ಮೂರನೆಯ ಸಾಲನ್ನು ಬರೆಯಲು ಲೇಖನಿಯನ್ನು ಎತ್ತಬೇಕು. ಪಾಲನ್ನು ಕೇಳುವುದೇ ಪಾಪವೆಂದು ನಾನು ಹೇಳೆನು; ಹೆತ್ತವರ ಪಾಲನ್ನು ಮೊದಲು ಕೇಳದವನಿಗೆ ತನ್ನ ಪಾಲನ್ನು ಕೇಳುವ ಬಾಯಿಲ್ಲವೆಂದು ಹೇಳುವೆನು.

ಈ ವ್ಯಾಜ್ಯಗಳು ಹೆಚ್ಚಲು ಕಾರಣವೇನೆಂಬುದನ್ನೂ ನೋಡಬೇಕು. ಹೊಲವು ಕಿರಿದಾಗುತ್ತಿರುವುದು. ಕೃಷಿಗಣತಿಯ ಪ್ರಕಾರ ಕರ್ನಾಟಕದಲ್ಲಿ 1970-71 ರಲ್ಲಿ ಒಂದು ಹಿಡುವಳಿಯ ಸರಾಸರಿ ವಿಸ್ತೀರ್ಣವು 3.20 ಹೆಕ್ಟೇರು, 2015-16 ರಲ್ಲಿ 1.36 ಹೆಕ್ಟೇರು. ಎರಡು ತಲೆಮಾರಿನಲ್ಲಿ ಹೊಲವು ಅರ್ಧಕ್ಕಿಂತಲೂ ಕಡಮೆಯಾಯಿತು. ಹೊಲ ಕಿರಿದಾದಂತೆ ಅದರ ಬೆಲೆಯು ಹಿರಿದಾಯಿತು. ಭೀಮಸಮುದ್ರದ ಕಡೆ ಅಡಕೆಯ ತೋಟ, ಹೊಸದುರ್ಗ ಹಿರಿಯೂರುಗಳ ಕಡೆ ತೆಂಗು, ಹೆದ್ದಾರಿಯ ಮಗ್ಗುಲಲ್ಲಿ ನಿವೇಶನ. ತಾತನ ಕಾಲದಲ್ಲಿ ಹುರುಳಿಯನ್ನು ಚೆಲ್ಲುತ್ತಿದ್ದ ಕಲ್ಲುಭೂಮಿಯನ್ನು ಇಂದು ಅಡಿಯ ಲೆಕ್ಕದಲ್ಲಿ ಕೇಳುವವರು ಬಂದಿರುವರು. ಹಿಂದೆ ಪಾಲೆಂದರೆ ದುಡಿಮೆಯ ಭಾಗ; ಇಂದು ಮಾರಾಟದ ಭಾಗ. ದುಡಿಯುವ ಭೂಮಿಗಾದರೆ ಮಳೆಗಾಲದವರೆಗೆ ಕಾಯಬಹುದು. ಮಾರುವ ಭೂಮಿಗೆ ಇಂದಿನ ಬೆಲೆ ನಾಳೆ ಇದ್ದೀತೋ ಇಲ್ಲವೋ! ಆ ಅವಸರದಲ್ಲಿ ತಂದೆಯ ಆಯುಸ್ಸೇ ಮಕ್ಕಳಿಗೆ ಅಡ್ಡಿಯಾಗಿ ಕಾಣುವುದಲ್ಲಾ, ಅದೇ ಭಯಂಕರವಾದುದು. ಒಡೆಯನನ್ನು ಕೊಂದವನಿಗೆ ಆತನ ದಾಯವು ಸಲ್ಲದೆಂದು 1956 ರ ಕಾಯಿದೆಯ 25 ನೆಯ ಪ್ರಕರಣವು ಹೇಳುವುದು. ಕತ್ತಿಯಿಂದ ಕೊಂದವನನ್ನು ಕಾಯಿದೆಯು ಹಿಡಿಯಬಲ್ಲುದು. “ಇನ್ನೂ ಎಷ್ಟು ದಿನವೋ!” ಎಂಬ ಒಂದು ಮಾತಿನಿಂದ ದಿನದಿನವೂ ಕೊಲ್ಲುವವನನ್ನು ಯಾವ ಪ್ರಕರಣದ ಕೆಳಗೆ ಹಿಡಿಯುವುದು?

ತಪ್ಪು ಮಕ್ಕಳಲ್ಲಿ ಮಾತ್ರ ಇರುವುದೆಂದು ಹೇಳಿದರೆ ಹಿರಿಯರಿಗೆ ಹಿತವಾದೀತು, ನಿಜವಾಗಲಾರದು. ಒಬ್ಬ ಮಗನಿಗೆ ಗುಟ್ಟಾಗಿ ಪತ್ರ ಮಾಡಿಕೊಟ್ಟು ಇನ್ನೊಬ್ಬನಿಗೆ ಏನೂ ಇಲ್ಲವೆಂದು ನಟಿಸುವ ತಂದೆಯರುಂಟು. ಸಾಲವೆಷ್ಟು, ಸ್ವತ್ತೆಷ್ಟು, ಪಹಣಿ ಯಾರ ಹೆಸರಿನಲ್ಲಿದೆಯೆಂಬುದನ್ನು ಐವತ್ತು ವರ್ಷದ ಮಗನಿಗೂ ತಿಳಿಸದೆ ಪೆಟ್ಟಿಗೆಯ ಕೀಲಿಯನ್ನು ಉಡಿದಾರಕ್ಕೆ ಕಟ್ಟಿಕೊಂಡೇ ಕಣ್ಣುಮುಚ್ಚುವವರುಂಟು. ಮನೆಯಲ್ಲಿದ್ದು ಇಪ್ಪತ್ತು ವರ್ಷ ಬೆವರು ಸುರಿಸಿ ಬೋರ್‌ವೆಲ್ ತೆಗೆಯಿಸಿ ತೋಟ ಕಟ್ಟಿದವನಿಗೂ, ಬೆಂಗಳೂರಿನಲ್ಲಿದ್ದು ಹಬ್ಬಕ್ಕೊಮ್ಮೆ ಬಂದು ಹೋದವನಿಗೂ ತೂಕವೊಂದೇ ಎಂದರೆ ಮೊದಲನೆಯವನ ಹೊಟ್ಟೆ ಉರಿಯದಿರುವುದೆ? ಆತನ ದುಡಿಮೆಯನ್ನು ನಾಲ್ಕು ಜನರೆದುರಿಗೆ ಬಾಯಿಬಿಟ್ಟು ಒಪ್ಪುವುದೂ, ಸಾಧ್ಯವಿದ್ದ ಕಡೆ ಅದಕ್ಕೆ ತಕ್ಕುದನ್ನು ಕೊಡುವುದೂ ತಂದೆಯ ಕರ್ತವ್ಯ. ಮುಚ್ಚಿಟ್ಟ ಪತ್ರವು ಮಣ್ಣಿನಲ್ಲಿ ಹೂತಿಟ್ಟ ಕೆಂಡ. ಹೂತವನು ಹೋದ ಮೇಲೂ ಅದು ಆರುವುದಿಲ್ಲ.

ಹಾಗಾದರೆ ಮಾಡತಕ್ಕದ್ದೇನು? ತಿಳಿದವರಿಂದ ಕೇಳಿ ನಾನು ಕಲಿತುದನ್ನು ಸಂಕ್ಷೇಪವಾಗಿ ಹೇಳುವೆನು.

ತನ್ನ ಸ್ವಂತ ಆಸ್ತಿಯುಳ್ಳವನಿಗೆ ಉಯಿಲು ಒಳ್ಳೆಯ ಸಾಧನ. ಅದು ಬರೆದವನ ಕಾಲಾನಂತರವೇ ನಡೆಯತಕ್ಕದ್ದು; ಬದುಕಿರುವವರೆಗೆ ಬೇಕೆಂದಾಗ ಬದಲಾಯಿಸಬಹುದು, ರದ್ದುಮಾಡಬಹುದು. ಇಬ್ಬರು ಸಾಕ್ಷಿಗಳ ರುಜು ಬೇಕೇ ಬೇಕು. ನೋಂದಣಿಯು ಕಡ್ಡಾಯವಲ್ಲದಿದ್ದರೂ ಮಾಡಿಸುವುದು ಲೇಸು. ದಾನಪತ್ರವು ಹಾಗಲ್ಲ. ಅದು ನೋಂದಣಿಯಾದ ಕ್ಷಣವೇ ಭೂಮಿ ಕೈಬಿಟ್ಟಂತೆ. ಮನಸ್ಸು ಬದಲಾಯಿತೆಂದು ಹಿಂದಕ್ಕೆ ಕೇಳಲು ಬಾರದು. ಪ್ರೀತಿಯ ಭರದಲ್ಲಿ ದಾನಪತ್ರ ಬರೆದುಕೊಟ್ಟು ಆಮೇಲೆ ಮಗನ ಬಾಗಿಲಲ್ಲಿ ಬಾಡಿಗೆಯವರಂತೆ ನಿಂತ ಹಿರಿಯರನ್ನು ನಾನು ಕಂಡಿರುವೆನು. ಕೊಡಲೇಬೇಕಾದರೆ, ತಾವಿಬ್ಬರೂ ಬದುಕಿರುವವರೆಗೆ ಮನೆಯಲ್ಲಿರುವ ಮತ್ತು ಫಲವನ್ನು ಅನುಭವಿಸುವ ಹಕ್ಕನ್ನು ಪತ್ರದಲ್ಲಿಯೇ ಉಳಿಸಿಕೊಳ್ಳತಕ್ಕದ್ದು. ತಮ್ಮನ್ನು ಪೋಷಿಸತಕ್ಕದ್ದೆಂಬ ಷರತ್ತನ್ನು ಬಿಡಿಸಿ ಬರೆಯಿಸತಕ್ಕದ್ದು.

ಈ ಷರತ್ತಿನ ಬೆಲೆಯನ್ನು ತಿಳಿಯಿರಿ. 2007 ರಲ್ಲಿ ತಂದೆತಾಯಿಗಳ ಮತ್ತು ಹಿರಿಯ ನಾಗರಿಕರ ಪೋಷಣೆಗಾಗಿ ಒಂದು ಕಾಯಿದೆಯಾಯಿತು. ಪೋಷಿಸುವ ಷರತ್ತಿನ ಮೇಲೆ ಆಸ್ತಿಯನ್ನು ಪಡೆದವನು ಆ ಷರತ್ತನ್ನು ನಡೆಸದಿದ್ದರೆ, ಆ ವರ್ಗಾವಣೆಯನ್ನು ವಂಚನೆಯಿಂದಾದುದೆಂದು ಎಣಿಸಿ ರದ್ದುಮಾಡಲು ಅದರ 23 ನೆಯ ಪ್ರಕರಣವು ಅವಕಾಶ ಕೊಡುವುದು. ಅಂತಹ ಷರತ್ತು ಇದ್ದುದು ತೋರದಿದ್ದರೆ ಈ ಪ್ರಕರಣವು ನೆರವಿಗೆ ಬಾರದೆಂದು 2022 ರ ಡಿಸೆಂಬರಿನಲ್ಲಿ ಸರ್ವೋಚ್ಚ ನ್ಯಾಯಾಲಯವು ಹೇಳಿತು; 2025 ರ ಜನವರಿಯಲ್ಲಿ ಇನ್ನೊಂದು ವ್ಯಾಜ್ಯದಲ್ಲಿ, ಈ ಕಾಯಿದೆಯನ್ನು ಹಿರಿಯರಿಗೆ ಅನುಕೂಲವಾಗುವಂತೆ ಅರ್ಥಮಾಡತಕ್ಕದ್ದೆಂದು ಹೇಳಿ, ತಾಯಿಯೊಬ್ಬಳು ಮಗನಿಗೆ ಬರೆದುಕೊಟ್ಟ ದಾನಪತ್ರವು ರದ್ದಾದುದನ್ನು ಎತ್ತಿಹಿಡಿಯಿತು. ನಮ್ಮ ರಾಜ್ಯದಲ್ಲಿ ಈ ಅರ್ಜಿಗಳನ್ನು ಉಪವಿಭಾಗಾಧಿಕಾರಿಗಳ ನ್ಯಾಯಮಂಡಳಿಯು ವಿಚಾರಿಸುವುದು. ಇದೇ ಕಾಯಿದೆಯಲ್ಲಿ ಇನ್ನೊಂದು ಮಾತು ನನ್ನ ಮನಸ್ಸಿಗೆ ಬಹಳ ಹಿಡಿಸಿತು. ಮಕ್ಕಳಿಲ್ಲದ ಹಿರಿಯನ ಆಸ್ತಿಯು ಮುಂದೆ ಯಾರಿಗೆ ಬರತಕ್ಕದ್ದೋ ಆ ಬಂಧುಗಳೇ ಆತನನ್ನು ಪೋಷಿಸತಕ್ಕದ್ದು. ಹಲವರಿದ್ದರೆ, ಯಾರಿಗೆ ಎಷ್ಟು ಪಾಲು ಬರುವುದೋ ಅಷ್ಟೇ ಪಾಲು ಪೋಷಣೆಯ ಭಾರ. ದಾಯವಿದ್ದಷ್ಟು ದಯೆಯಿರಬೇಕೆಂಬುದನ್ನು ಕಾಯಿದೆಯು ತನ್ನ ಒಣಭಾಷೆಯಲ್ಲಿ ಎಷ್ಟು ಚೆನ್ನಾಗಿ ಹೇಳಿರುವುದು!

ನ್ಯಾಯಪೀಠದಲ್ಲಿ ರಾಜಿಯಾದವರಿಗೂ ಒಂದು ಸೂಚನೆ. ಗುರುವಿನ ಸನ್ನಿಧಿಯಲ್ಲಿ ಕೈಕೈ ಹಿಡಿದು ಒಪ್ಪಿದುದನ್ನು ಊರಿಗೆ ಹೋಗಿ ಮರೆಯದಿರಿ. ವಿಭಾಗಪತ್ರವನ್ನು ಬರೆಯಿಸಿ ಉಪನೋಂದಣಾಧಿಕಾರಿಗಳ ಕಚೇರಿಯಲ್ಲಿ ನೋಂದಾಯಿಸಿ ಖಾತೆಯನ್ನು ಬದಲಾಯಿಸಿಕೊಳ್ಳಿರಿ. ಬಾಯಿಮಾತಿನ ಪಾಲು ನಿಮ್ಮ ಕಾಲಕ್ಕೆ ನಡೆದೀತು. ಮೊಮ್ಮಕ್ಕಳ ಕಾಲಕ್ಕೆ ಅದೇ ಹೊಸ ವ್ಯಾಜ್ಯದ ಬೀಜವಾಗುವುದು.

ಕೊನೆಯ ಮಾತು. ಜನ್ಮಸ್ವತ್ವವನ್ನು ಹೇಳಿದ ಗ್ರಂಥವು ಹುಟ್ಟಿದ ಕಲ್ಯಾಣದಲ್ಲಿಯೇ, ಹನ್ನೆರಡನೆಯ ಶತಮಾನದ ನಡುವಿನಲ್ಲಿ, ಬಸವಾದಿ ಶರಣರು ಕಾಯಕ ದಾಸೋಹಗಳನ್ನು ಬೋಧಿಸಿದರು. ಹುಟ್ಟಿನಿಂದ ಬರುವುದೇನೆಂಬುದನ್ನು ಪಂಡಿತನು ಹೇಳಿದನು. ದುಡಿದು ಬರುವುದೇನು, ಬಂದುದನ್ನು ಹೇಗೆ ಹಂಚಬೇಕೆಂಬುದನ್ನು ಶರಣರು ಹೇಳಿದರು. ಕಾಣದ ಜಂಗಮನಿಗೆ ದಾಸೋಹ ಮಾಡುವ ನಾವು ಕಣ್ಣೆದುರಿನ ಹೆತ್ತವರ ತುತ್ತಿಗೆ ದಿನವನ್ನು ಎಣಿಸಿದರೆ ಆ ದಾಸೋಹವು ದಾಸೋಹವೆ?

ಈ ಪೀಠದ ಹೆಸರನ್ನೇ ನೋಡಿರಿ. ಮಾಘ ಶುದ್ಧ ಪೂರ್ಣಿಮೆಯಂದು ವಿಶ್ವಬಂಧು ಮರುಳಸಿದ್ಧರು ತಮ್ಮ ಶಿಷ್ಯರಾದ ತೆಲುಗುಬಾಳು ಸಿದ್ಧರನ್ನು ಪೀಠದ ಮೇಲೆ ಕುಳ್ಳಿರಿಸಿ, “ತರಳಾ, ಬಾಳು” ಎಂದು ಹರಸಿದರೆಂಬುದು ನಮ್ಮ ಪರಂಪರೆ. ಹಿರಿಯನು ತಾನು ಬದುಕಿರುವಾಗಲೇ, ತನ್ನ ಕೈಯಾರೆ, ಎಲ್ಲರೆದುರಿಗೆ, ಸಂತೋಷದಿಂದ ಕಿರಿಯನಿಗೆ ಒಪ್ಪಿಸಿಕೊಟ್ಟುದು ಅದು. ಅಲ್ಲಿ ಗುಟ್ಟಿರಲಿಲ್ಲ, ಕಿತ್ತುಕೊಳ್ಳುವಿಕೆಯೂ ಇರಲಿಲ್ಲ. ನಮ್ಮ ನಮ್ಮ ಮನೆಗಳಲ್ಲಿ ತಂದೆತಾಯಿಗಳು ಮಕ್ಕಳಿಗೆ ದಿನವೂ ಹೇಳುತ್ತ ಬಂದಿರುವುದು ಅದೇ ಮಾತನ್ನು: ತರಳಾ, ಬಾಳು. ಅವರ ತಲೆ ನರೆತ ಮೇಲೆ ಆ ಮಾತನ್ನು ಅವರಿಗೆ ಹಿಂದಿರುಗಿಸುವುದು ಮಕ್ಕಳ ಪಾಲಿಗೆ ಬಂದ ಮೊದಲ ಸಾಲ: “ಅಪ್ಪಾ, ನೀನೂ ಬಾಳು, ಅವ್ವಾ, ನೀನೂ ಬಾಳು.”

ಮನೆಗೆ ಹೋದ ಮೇಲೆ ನಿಮ್ಮಲ್ಲಿ ಪಾಲುಪಟ್ಟಿ ಇರುವವರು ಅದನ್ನು ಪೆಟ್ಟಿಗೆಯಿಂದ ತೆಗೆದು ಒಮ್ಮೆ ಓದಿರಿ. ಅದರಲ್ಲಿ ಹೆತ್ತವರ ಸಾಲಿಲ್ಲದಿದ್ದರೆ, ಅವರು ಇನ್ನೂ ಇದ್ದರೆ, ಇಂದೇ ಬರೆಯಿರಿ. ಬರೆಯಲು ಕಾಲವಿರುವವರೇ ಭಾಗ್ಯವಂತರು. ನನಗೆ ಆ ಭಾಗ್ಯವಿಲ್ಲ. ಮೂವತ್ತೊಂದನೆಯ ತಾರೀಖು ಬಂದಾಗಲೆಲ್ಲ ನಮ್ಮ ಮನೆಯಲ್ಲಿ ಒಬ್ಬ ಮುಪ್ಪಿನವರನ್ನು ಕರೆದು ಉಣಬಡಿಸುವ ಪದ್ಧತಿಯನ್ನು ಇಟ್ಟುಕೊಂಡಿರುವೆನು. ಅದರಿಂದ ಹೋದುದು ಹಿಂದಿರುಗದು. ಆದರೂ ಆ ದಿವಸ ನನ್ನ ಒಲೆಯು ಉರಿಯುತ್ತಿರುವುದೆಂಬುದಷ್ಟೇ ಸಮಾಧಾನ.